ದೋಣಿ ಪಿಚ್ಚರಿನ ನಲವತ್ತು ಸೆಕೆಂಡು

"ಈ ಸಲ ಸಿನೆಮಾದಲ್ಲಿ ನಿನ್ನ ಹೆಸರು ಹೇಳುತ್ತೇನೆ" ಎಂದು ಎರ್ಮಾಳಿನ ಅಣ್ಣು ತನ್ನ ಏಳು ವರ್ಷದ ಮಗಳಿಗೆ ಮಾತು ಕೊಟ್ಟದ್ದು ಸಾವಿರದ ಒಂಬೈನೂರ ಅರುವತ್ತಮೂರರ ಆಟಿ ತಿಂಗಳಲ್ಲಿ. ಮಳೆಗೆ ಯಾರೂ ಕಡಲಿಗೆ ಇಳಿಯದ ತಿಂಗಳು ಅದು. ದೋಣಿಗಳನ್ನೆಲ್ಲ ಮಗುಚಿ ಹಾಕಿ ಮೇಲೆ ತೆಂಗಿನ ಮಡಲು ಹೊದೆಸಿದ್ದರು. ಮದ್ರಾಸಿನಿಂದ ಊರಿಗೆ ಬಂದಿದ್ದ ಅಣ್ಣು ಅಂಥದೊಂದು ದೋಣಿಯ ಮರೆಯಲ್ಲಿ ಬೀಡಿ ಸೇದುತ್ತ ಕುಳಿತಿದ್ದಾಗ ಮಗಳು ಸ್ವರ್ಣಲತಾ ಬಂದು ಎದುರು ನಿಂತಳು.

"ನಿಮ್ಮನ್ನು ಯಾವ ಪಿಚ್ಚರಿನಲ್ಲಿಯೂ ಯಾರೂ ನೋಡಲಿಲ್ಲವಂತೆ. ಶಾಲೆಯಲ್ಲಿ ನಗುತ್ತಾರೆ."

"ಈ ಸಲ ನೋಡುತ್ತಾರೆ. ಈ ಸಲ ನನಗೆ ಮಾತು ಉಂಟು."

"ಎಂತ ಮಾತು?"

"ದೋಣಿ ನೂಕುವ ಮೊದಲು ಮಗಳನ್ನು ಕರೆಯಬೇಕು. ಆ ಹುಡುಗಿಗೆ ಅವರು ಇನ್ನೂ ಹೆಸರೇ ಇಡಲಿಲ್ಲ. ಬಾಯಿಗೆ ಬಂದ ಹೆಸರು ಕರೆ ಅಂದಿದ್ದಾರೆ. ನಾನು ಸ್ವರ್ಣಾ ಅಂತ ಕರೆಯುತ್ತೇನೆ. ನೋಡು ಬೇಕಾದರೆ."

ಈ ಮಾತುಕತೆಯನ್ನು ಸ್ವರ್ಣಲತಾರ ಮಗಳು ಅಕ್ಷಿತಾ ಚಿಕ್ಕಂದಿನಿಂದ ಎಷ್ಟು ಸಲ ಕೇಳಿದ್ದಳೆಂದರೆ, ತಾಯಿ ಎಲ್ಲಿ ನಿಲ್ಲಿಸಿ ಉಸಿರು ತೆಗೆದುಕೊಳ್ಳುತ್ತಾರೆ ಎನ್ನುವುದೂ ಅವಳಿಗೆ ಬಾಯಿಪಾಠವಾಗಿತ್ತು. ಸ್ವರ್ಣಲತಾ ಕಥೆಯನ್ನು ಪ್ರತಿಸಲ ಒಂದೇ ಪದದಲ್ಲಿ ಮುಗಿಸುತ್ತಿದ್ದರು: "ಹೇಳಲಿಲ್ಲ."

ಅಜ್ಜನ ಸಿನೆಮಾ ಬದುಕಿನ ಬಗ್ಗೆ ಮನೆಯಲ್ಲಿ ಉಳಿದದ್ದು ಇಷ್ಟು. ಎರಡನೇ ಮಹಾಯುದ್ಧ ಮುಗಿದು, ಕಚ್ಚಾ ಫಿಲ್ಮಿಗೆ ಇದ್ದ ಕಟ್ಟುಪಾಡು ಸಡಿಲವಾಗಿ, ಮದ್ರಾಸಿನಲ್ಲಿ ಸ್ಟುಡಿಯೋಗಳು ಒಂದರ ಬೆನ್ನಿಗೊಂದು ಎದ್ದ ಕಾಲ. ಐವತ್ತನೇ ಇಸವಿಯಲ್ಲಿ ಅಣ್ಣು ಅಲ್ಲಿಗೆ ಹೋದದ್ದು ಸಿನೆಮಾಕ್ಕಲ್ಲ, ನಮ್ಮ ಕಡೆಯವರ ಹೋಟೆಲೊಂದರಲ್ಲಿ ತಟ್ಟೆ ತೊಳೆಯಲಿಕ್ಕೆ. ಹೋಟೆಲಿನ ಎದುರಿಗೇ ಸ್ಟುಡಿಯೋದ ಗೇಟು. ಒಂದು ದಿನ ಅಲ್ಲಿಂದ ಒಬ್ಬ ಓಡಿ ಬಂದು, "ಇಲ್ಲಿ ಯಾರಿಗಾದರೂ ಈಜು ಬರುತ್ತದಾ?" ಎಂದು ಕೇಳಿದ. ನಾಯಕನಿಗೆ ನೀರೆಂದರೆ ಹೆದರಿಕೆಯಂತೆ. ಅಣ್ಣು ಕೈ ಒರೆಸಿಕೊಂಡು ಹೋಗಿ, ನಾಯಕನ ಅಂಗಿ ತೊಟ್ಟು, ಟ್ಯಾಂಕಿಗೆ ಹಾರಿದ. ನಾಯಕ ಬೆಳ್ಳಗೆ, ಅಣ್ಣು ಕಡಲಿನವನ ಬಣ್ಣ. ಕುತ್ತಿಗೆಯ ತನಕ ಬಳಿದಿದ್ದ ಪೌಡರು ನೀರಿಗೆ ಬಿಟ್ಟು ಹೋಗಿ, ಹಾರಿದವನು ಒಬ್ಬ, ಎದ್ದವನು ಇನ್ನೊಬ್ಬ ಎನ್ನುವ ಹಾಗಾಯಿತು. ಅಂದಿನಿಂದ ಅವನನ್ನು ಹಿಂದಿನಿಂದ ಮಾತ್ರ ತೆಗೆಯತೊಡಗಿದರು. ಹೀಗೆ ಹದಿನಾರು ವರ್ಷ ಅಣ್ಣುವಿನ ಬೆನ್ನು ಸಿನೆಮಾದಲ್ಲಿ ಕೆಲಸ ಮಾಡಿತು.

ಬೆನ್ನಿಗೆ ಕೆಲಸವಿಲ್ಲದ ದಿನ ಅವನು ಹೆಣವಾಗುತ್ತಿದ್ದ. ಎರಡು ನಿಮಿಷ ಉಸಿರು ಕಟ್ಟಿ ನೀರಿನ ಮೇಲೆ ಕವುಚಿ ತೇಲಬಲ್ಲವರು ಕೋಡಂಬಾಕ್ಕಂನ ಸ್ಟುಡಿಯೋಗಳಲ್ಲಿ ಬೇರೆ ಯಾರೂ ಇರಲಿಲ್ಲ. ಹೆಣಕ್ಕೆ ಭಾಷೆ ಇಲ್ಲದ ಕಾರಣ ನಾಲ್ಕು ಭಾಷೆಗಳಲ್ಲಿಯೂ ಕರೆ ಬರುತ್ತಿತ್ತು. ಉಳಿದಂತೆ ಈಟಿ ಹಿಡಿದ ಕಾವಲುಗಾರ, ಪಲ್ಲಕ್ಕಿ ಹೊರುವವ, ಬೆಂಕಿ ಬಿದ್ದಾಗ ಓಡುವವ. ಮೂವತ್ತಕ್ಕಿಂತ ಹೆಚ್ಚು ಚಿತ್ರಗಳು. ಒಂದರಲ್ಲಿಯೂ ಹೆಸರು ಬರಲಿಲ್ಲ, ಒಂದರಲ್ಲಿಯೂ ಮುಖ ತಿಳಿಯಲಿಲ್ಲ.

ಹದಿಮೂರನೇ ವರ್ಷ ದೋಣಿ ಪಿಚ್ಚರು ಬಂತು. ಚಿತ್ರಕ್ಕೆ ಹೆಸರು ಬೇರೆಯೇ ಇತ್ತು, ಆದರೆ ಎರ್ಮಾಳಿನಲ್ಲಿ ಅದು ದೋಣಿ ಪಿಚ್ಚರೇ. ದೋಣಿಗಾರನ ಪಾತ್ರಕ್ಕೆಂದು ಗೊತ್ತುಮಾಡಿದ್ದ ನಟ ನಿಜವಾದ ಕಡಲ ತೆರೆಯ ಮೇಲೆ ದೋಣಿ ಹತ್ತಿದವನೇ ವಾಂತಿ ಮಾಡಿ ಮಲಗಿಬಿಟ್ಟ. ನಿರ್ದೇಶಕ ಸುತ್ತ ನೋಡಿ, ಅಣ್ಣುವಿಗೆ ಬೆರಳು ತೋರಿಸಿ, ಆ ದೃಶ್ಯವನ್ನು ಆಟಿಯ ನಂತರಕ್ಕೆ ಹಾಕಿದ. ಮಗಳನ್ನು ದಡದಲ್ಲಿ ಬಿಟ್ಟು, ತಿರುಗಿ ಅವಳನ್ನು ಕರೆದು, ದೋಣಿ ನೂಕಿಕೊಂಡು ಗಾಳಿಮಳೆಗೆ ಹೋಗುವುದು. ಆಮೇಲೆ ಅವನು ಬರುವುದಿಲ್ಲ. ನಲವತ್ತು ಸೆಕೆಂಡು. ಆಟಿ ಮುಗಿಸಿ ಮದ್ರಾಸಿಗೆ ಹಿಂದಿರುಗಿದ ಅಣ್ಣು ಕ್ಯಾಮೆರಾದ ಎದುರು ಮೊದಲ ಸಲ ಮುಖ ತಿರುಗಿಸಿ ನಿಂತ.

ಮರುವರ್ಷ ಫೆಬ್ರವರಿಯಲ್ಲಿ ಚಿತ್ರ ಕಾರ್ಕಳದ ಟೆಂಟಿಗೆ ಬಂತು. ಎರ್ಮಾಳಿನಿಂದ ಇಪ್ಪತ್ತೆರಡು ಜನ ಪಡುಬಿದ್ರಿಗೆ ನಡೆದು, ಅಲ್ಲಿಂದ ಬಸ್ಸು ಹಿಡಿದು ಹೋದರು. ಸ್ವರ್ಣಲತಾ ಎಲ್ಲರಿಗಿಂತ ಮುಂದೆ ಮಣ್ಣಿನ ಮೇಲೆ ಕುಳಿತಳು. ನಾಯಕ ಬಂದ, ನಾಯಕಿ ಬಂದಳು, ಕಡಲು ಬಂತು. ಅಪ್ಪ ಮಾತ್ರ ಬರಲಿಲ್ಲ. ದೋಣಿಗಾರನ ಮಗಳು ಒಬ್ಬಳೇ ದಡದಲ್ಲಿ ಕುಳಿತು ಅಳುತ್ತಿದ್ದಳು. ಯಾಕೆ ಅಳುತ್ತಾಳೆಂದು ಟೆಂಟಿನಲ್ಲಿ ಯಾರಿಗೂ ತಿಳಿಯಲಿಲ್ಲ.

ವಾಪಸ್ಸು ಬರುವಾಗ ಬಸ್ಸಿನಲ್ಲಿ ಸೋದರಮಾವ ಎಲ್ಲರಿಗೂ ಕೇಳುವ ಹಾಗೆ, "ಎಂತ ಸ್ವರ್ಣ, ನಿನ್ನ ಅಪ್ಪ ನೀರಿನಿಂದ ಇನ್ನೂ ಮೇಲೆ ಬರಲಿಲ್ಲವಾ?" ಎಂದರು. ಇಪ್ಪತ್ತೊಂದು ಜನ ನಕ್ಕರು.

ಊರಿಗೆ ಬಂದಾಗ ಅಣ್ಣು, ತಾನು ಮಾಡಿದ್ದು ನಿಜ, ಹೇಳಿದ್ದೂ ನಿಜ, ಮದ್ರಾಸಿನಲ್ಲೇ ಕತ್ತರಿಸಿ ಹಾಕಿದ್ದಾರಂತೆ ಎಂದ. ನಂಬಿದವರಿಲ್ಲ. ಎರಡು ವರ್ಷದ ಮೇಲೆ ಮದ್ರಾಸು ಬಿಟ್ಟು ಕಾಪುವಿನ ಒಂದು ಬಲೆಯ ತಂಡ ಸೇರಿದ. ಸಾಯುವ ತನಕ ಅವನಿಗೆ ಪಿಚ್ಚರ್ ಅಣ್ಣು ಎಂಬ ಹೆಸರು ಉಳಿಯಿತು, ಹೊಗಳಿಕೆಗಲ್ಲ. ಹದಿನಾಲ್ಕನೇ ವಯಸ್ಸಿನಲ್ಲಿ ಸ್ವರ್ಣಲತಾ ನೆಂಟರ ಎದುರಿಗೇ, "ನೀವು ಸುಳ್ಳು ಹೇಳಿದ್ದು" ಎಂದಳಂತೆ. ಅಪ್ಪ ಎದ್ದು ಹೋದರಂತೆ. ಆಮೇಲೆ ಅವರಿಬ್ಬರ ನಡುವೆ ಸಿನೆಮಾದ ಮಾತು ಬರಲಿಲ್ಲ. ಎಂಬತ್ತೇಳರಲ್ಲಿ ಅಣ್ಣು ತೀರಿಹೋದಾಗ ಅಕ್ಷಿತಾಳಿಗೆ ಐದು ವರ್ಷ.

ಈಗ ಅಕ್ಷಿತಾಳಿಗೆ ನಲವತ್ತೆರಡು. ಮಣಿಪಾಲದ ಒಂದು ಆಸ್ಪತ್ರೆಯ ದಾಖಲೆ ವಿಭಾಗದಲ್ಲಿ ಹಳೆಯ ರೋಗಿಗಳ ಕಡತಗಳನ್ನು ಸ್ಕ್ಯಾನ್ ಮಾಡುವುದು ಅವಳ ಕೆಲಸ. ಗಂಡ ಬಹರೈನಿನಲ್ಲಿ. ಬೆಳಿಗ್ಗೆ ಐದಕ್ಕೆ ಎದ್ದು ಮಗಳ ಟ್ಯೂಷನ್, ತಿಂಡಿ, ತಾಯಿಯ ಔಷಧ, ಮನೆಯ ಹತ್ತಿರದ ಕಡಿಯಾಳಿಯಲ್ಲಿ ನಿಂತು ಬಸ್ಸು. ಸಂಜೆ ಅದೇ ದಾರಿ ಹಿಂದಕ್ಕೆ. ಒಂದು ಮಧ್ಯಾಹ್ನ ಬುತ್ತಿ ಬಿಚ್ಚುವಾಗ ಗೊತ್ತಿಲ್ಲದ ನಂಬರಿನಿಂದ ಫೋನು ಬಂತು.

"ಎರ್ಮಾಳಿನ ಅಣ್ಣು ಅಂತ... ಸಿನೆಮಾದಲ್ಲಿ ಇದ್ದವರು... ನೀವು ಅವರ ಮೊಮ್ಮಗಳಾ?"

ಸಿನೆಮಾದಲ್ಲಿ ಇದ್ದವರು ಎಂದು ಅಜ್ಜನನ್ನು ಯಾರಾದರೂ ನೇರವಾಗಿ ಕರೆದದ್ದನ್ನು ಅವಳು ಕೇಳಿರಲಿಲ್ಲ. ಯಾರೋ ಕುಶಾಲು ಮಾಡುತ್ತಿದ್ದಾರೆ ಎಂದುಕೊಂಡಳು.

"ಯಾರು ನೀವು?"

"ಕಾರ್ಲ್ಟನ್. ಮಣಿಪಾಲದಲ್ಲೇ ಮದುವೆ ವಿಡಿಯೋ ಎಡಿಟಿಂಗ್ ಮಾಡುತ್ತೇನೆ. ನನ್ನ ಅಜ್ಜ ಡೊಮಿನಿಕ್ ಅಂತ, ಕಾರ್ಕಳದ ಟೆಂಟಿನಲ್ಲಿ ಆಪರೇಟರ್ ಆಗಿದ್ದರು. ನಿಮಗೆ ಕೊಡಬೇಕಾದದ್ದು ಒಂದು ಅವರ ಹತ್ತಿರ ಉಂಟಂತೆ. ಎರ್ಮಾಳಿನಲ್ಲಿ ನಾಲ್ಕು ಮನೆ ವಿಚಾರಿಸಿ ನಿಮ್ಮ ನಂಬರು ಹಿಡಿದೆ."

ವಾರದ ರಜೆಯ ದಿನ ಅವಳು ಕಾರ್ಕಳಕ್ಕೆ ಹೋದಳು. ತಾಯಿಗೆ ಹೇಳಲಿಲ್ಲ. ಅತ್ತೂರಿನ ಕಡೆಯ ಮನೆ. ಎಂಬತ್ತನಾಲ್ಕು ವರ್ಷದ ಡೊಮಿನಿಕ್ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಚಾವಡಿಯಲ್ಲಿ ಕಾಯುತ್ತಿದ್ದರು. ತೊಡೆಯ ಮೇಲೆ ಒಂದು ಬಿಸ್ಕತ್ತಿನ ಡಬ್ಬಿ.

"ಕುಳಿತುಕೊಳ್ಳಿ. ಚಾ ಆಮೇಲೆ. ಮೊದಲು ಕೇಳಿ, ಆಮೇಲೆ ನಿಮಗೆ ನನ್ನ ಮನೆಯ ಚಾ ಬೇಕೋ ಬೇಡವೋ ನೋಡುವ" ಎಂದರು.

ಅವರು ಹೇಳಿದ್ದು ಹೀಗೆ. ಟೆಂಟಿನ ಸಂಜೆಯ ಆಟ ಬಿಡುವಾಗ ಪಡುಬಿದ್ರಿಯ ಕೊನೆಯ ಬಸ್ಸು ಹೋಗಿ ಆಗುತ್ತಿತ್ತು. ದೂರದವರು ಬಂದ ದಿನ ಟಿಕೆಟಿನ ಕಿಟಕಿಯಲ್ಲಿ ಹೇಳಿದರೆ ಸಾಕು, ಡೊಮಿನಿಕ್ ರೀಲಿನಿಂದ ಅಲ್ಲಲ್ಲಿ ತುಂಡು ತೆಗೆದು ಆಟವನ್ನು ಹತ್ತು ನಿಮಿಷ ಮೊದಲೇ ಮುಗಿಸುತ್ತಿದ್ದರು. ಬೆಳಿಗ್ಗೆ ಎದ್ದು ತುಂಡುಗಳನ್ನು ಮತ್ತೆ ಅಂಟಿಸಿ ಡಬ್ಬಿಯನ್ನು ಮುಂದಿನ ಊರಿಗೆ ಕಳಿಸುವುದು.

"ಕತ್ತರಿಸಲಿಕ್ಕೆ ಒಂದು ಲೆಕ್ಕ ಉಂಟು. ಹಾಡು ಮುಟ್ಟಬಾರದು, ಫೈಟಿಂಗ್ ಮುಟ್ಟಬಾರದು, ಹೀರೋ ಇರುವಲ್ಲಿ ಕತ್ತರಿ ಹಾಕಿದರೆ ಜನ ಕುರ್ಚಿ ಬಿಸಾಡುತ್ತಾರೆ. ಮುಖ ಗೊತ್ತಿಲ್ಲದವರು ಇರುವ ಸೀನು ತೆಗೆದರೆ ಯಾರೂ ಕೇಳುವುದಿಲ್ಲ."

"ಆ ದಿನ ಯಾರು ಬಂದು ಹೇಳಿದ್ದು?"

"ಎರ್ಮಾಳಿನವರೇ ಅಲ್ವಾ! ಕಿವಿಯಲ್ಲಿ ಒಂಟಿ, ಇಷ್ಟು ದೊಡ್ಡ ಮೀಸೆ. 'ಮಕ್ಕಳು ಮರಿ ಉಂಟು ಮಾರಾಯ, ಬಸ್ಸು ತಪ್ಪಿದರೆ ಎಲ್ಲಿ ಮಲಗುವುದು, ಸ್ವಲ್ಪ ಬೇಗ ಬಿಡು' ಅಂದರು."

ಒಂಟಿ, ಮೀಸೆ. ತಾಯಿಯ ಸೋದರಮಾವನ ಫೋಟೋ ಎರ್ಮಾಳಿನ ಮನೆಯ ಗೋಡೆಯಲ್ಲಿ ಇವತ್ತಿಗೂ ಉಂಟು.

"ಆರು ತುಂಡು ತೆಗೆದೆ. ಬೆಳಿಗ್ಗೆ ಐದು ಅಂಟಿಸಿದೆ. ಆರನೆಯದು ಮೇಜಿನ ಅಡಿಗೆ ಉರುಳಿತ್ತು. ಕಾಣುವಾಗ ಡಬ್ಬಿ ಫಸ್ಟ್ ಬಸ್ಸಿನ ಮೇಲೆ ಏರಿ ಹೋಗಿ ಆಗಿದೆ. ಆ ಪ್ರಿಂಟ್ ಆಮೇಲೆ ಉಡುಪಿ, ಕಾಪು, ಕುಂದಾಪುರ ಎಲ್ಲ ಕಡೆ ಹಾಗೆಯೇ ಓಡಿತು. ಈ ಜಿಲ್ಲೆಯಲ್ಲಿ ನಿಮ್ಮ ಅಜ್ಜನನ್ನು ನೋಡಿದವನು ನಾನೊಬ್ಬನೇ."

"ಅಜ್ಜ ಬಂದು ಕೇಳಲಿಲ್ಲವಾ?"

"ಬಂದರು. ಮುಖ ನೋಡಿದ ಕೂಡಲೇ ಗೊತ್ತಾಯಿತು, ಇವರೇ ಅಂತ. 'ಪ್ರಿಂಟ್ ಬಂದದ್ದೇ ಹೀಗೆ, ಮದ್ರಾಸಿನಲ್ಲೇ ಕತ್ತರಿಸಿದ್ದಾರೆ' ಅಂದೆ. ನಿಜ ಹೇಳಿದರೆ ಮಾಲಕರು ನನ್ನನ್ನು ತೆಗೆದುಹಾಕುತ್ತಿದ್ದರು. ಅವರು ಒಂದು ಬೀಡಿ ಸೇದಿ ಹೋದರು. ಒಂದು ಬೈಗಳಾದರೂ ಬೈದಿದ್ದರೆ ನಾನು ಆವತ್ತೇ ಕೊಟ್ಟುಬಿಡುತ್ತಿದ್ದೆನೋ ಏನೋ."

"ಆಮೇಲೆ ಇಷ್ಟು ವರ್ಷ?"

"ಕೊಟ್ಟರೆ ಸುಳ್ಳು ಹೇಳಿದ್ದು ಗೊತ್ತಾಗುತ್ತದಲ್ಲ. ಆಮೇಲೆ ಅವರು ಹೋದರು ಅಂತ ಕೇಳಿದೆ. ಹೋದ ಮೇಲೆ ಯಾರಿಗೆ ಕೊಡುವುದು ಅಂತ ಸುಮ್ಮನಾದೆ. ಮನೆ ಎರಡು ಸಲ ಬದಲಾಯಿಸಿದೆ, ಡಬ್ಬಿ ಬಿಡಲಿಲ್ಲ." ಡೊಮಿನಿಕ್ ಡಬ್ಬಿಯನ್ನು ಅವಳ ಕೈಗಿತ್ತರು. "ಈಗ ಹೇಳಿ, ಚಾ?"

ಅಕ್ಷಿತಾ ಚಾ ಕುಡಿದಳು. ಸಿಟ್ಟು ಬಂದಿತ್ತು, ಆದರೆ ಬೆಳಿಗ್ಗೆಯಿಂದ ಏನೂ ತಿಂದಿರಲಿಲ್ಲ.

ಡಬ್ಬಿ ತೆರೆದರೆ ವಿನೆಗರಿನ ವಾಸನೆ. ಸುರುಳಿ ಒಣಮೀನಿನ ಹಾಗೆ ಮುರುಟಿಕೊಂಡಿತ್ತು. ಇದನ್ನು ಯಾವ ಯಂತ್ರಕ್ಕೂ ಹಾಕುವ ಹಾಗಿಲ್ಲ, ಚಕ್ರದ ಹಲ್ಲಿಗೆ ಸಿಕ್ಕಿದರೆ ಪುಡಿಯಾಗುತ್ತದೆ ಎಂದ ಕಾರ್ಲ್ಟನ್. ಒಂದೊಂದೇ ಚಿತ್ರವನ್ನು ಹಿಂದಿನಿಂದ ಬೆಳಕು ಬಿಟ್ಟು ಫೋಟೋ ತೆಗೆಯಬೇಕು, ಆಮೇಲೆ ಜೋಡಿಸಬೇಕು. ಬೆಳಕಿನ ಪೆಟ್ಟಿಗೆ ಅಕ್ಷಿತಾಳ ವಿಭಾಗದಲ್ಲಿತ್ತು. ಎಕ್ಸ್‌ರೇಗಳೆಲ್ಲ ಕಂಪ್ಯೂಟರಿಗೆ ಹೋದ ಮೇಲೆ, ಹಿಂದೆ ಡಾಕ್ಟರರು ಎಕ್ಸ್‌ರೇ ಸಿಕ್ಕಿಸಿ ನೋಡುತ್ತಿದ್ದ ಬಿಳಿ ಪೆಟ್ಟಿಗೆಯೊಂದು ಮೂಲೆಯಲ್ಲಿ ಧೂಳು ತಿನ್ನುತ್ತಿತ್ತು. ಮೇಲಿನವರನ್ನು ಕೇಳಿ ಸಹಿ ಹಾಕಿ ತಂದಳು. ಮೂರು ಭಾನುವಾರ ಕಾರ್ಲ್ಟನಿನ ಕೋಣೆಯಲ್ಲಿ ಇಬ್ಬರೂ ಕುಳಿತರು. ಅವಳು ಹತ್ತಿಯ ಕೈಗವಸು ತೊಟ್ಟು ಸುರುಳಿಯನ್ನು ಗಾಜಿನಡಿ ಒಂದೊಂದೇ ಚೌಕ ಸರಿಸುವುದು, ಅವನು ಕ್ಲಿಕ್ಕಿಸುವುದು. ಒಂಬೈನೂರ ಐವತ್ತೆಂಟು ಚೌಕಗಳು. ಮುರುಟಿದ ಕಾಗದವನ್ನು ಹರಿಯದ ಹಾಗೆ ಬಿಡಿಸುವುದು ಅವಳ ದಿನದ ಕೆಲಸವೇ ಆದ್ದರಿಂದ ಒಂದು ಚೌಕವೂ ಮುರಿಯಲಿಲ್ಲ.

ಚೌಕಗಳ ಅಂಚಿನಲ್ಲಿ ನಡುಗುವ ಗೆರೆಯೊಂದಿತ್ತು. "ಶಬ್ದ ಇರುವುದು ಅದರಲ್ಲೇ" ಎಂದ ಕಾರ್ಲ್ಟನ್. "ಫೋಟೋದಿಂದಲೇ ಅದನ್ನು ಓದುವ ಸಾಫ್ಟ್‌ವೇರ್ ಉಂಟು. ಒಂದು ವಾರ ಕೊಡಿ ಅಕ್ಕ."

ವಾರದ ನಂತರ ಮಧ್ಯಾಹ್ನದ ಬಿಡುವಿನಲ್ಲಿ ಅವಳು ಅವನಲ್ಲಿಗೆ ಓಡಿದಳು. ಲ್ಯಾಪ್‌ಟಾಪಿನ ಪರದೆಯ ಮೇಲೆ ಮೂವತ್ತೈದು ವರ್ಷದ ಗಂಡಸೊಬ್ಬ ಸೊಂಟದ ತನಕದ ನೀರಿನಲ್ಲಿ ನಿಂತಿದ್ದ. ತಾಯಿಯ ಹಣೆ, ತಾಯಿಯ ಮೂಗು. ದೋಣಿಯ ಅಂಚು ಹಿಡಿದುಕೊಂಡೇ ಅವನು ತಿರುಗಿದ, ದಡ ನೋಡಿದ, ಬಾಯಿ ತೆರೆದ. ಗರಗರ ಸದ್ದಿನ ನಡುವೆ ದನಿ ಸ್ಪಷ್ಟವಾಗಿಯೇ ಬಂತು:

"ಪದ್ಮಾ!"

ಆಮೇಲೆ ದೋಣಿ ನೂಕಿ, ಹಾರಿ ಕುಳಿತು, ಹೋದ.

"ಪುನಃ ಹಾಕು" ಎಂದಳು. ಪುನಃ ಪದ್ಮಾ. ನಾಲ್ಕು ಸಲ ಹಾಕಿಸಿದಳು. ನಾಲ್ಕು ಸಲವೂ ಪದ್ಮಾ.

ಸಂಜೆ ಬಸ್ಸಿನಲ್ಲಿ ಕಂಬಿ ಹಿಡಿದು ನಿಂತು ಅವಳು ಯೋಚಿಸಿದ್ದು ಒಂದೇ. ತಾಯಿಗೆ ಅರುವತ್ತೆಂಟು. ಮಲ್ಪೆಯ ಒಂದು ಐಸ್ ಪ್ಲಾಂಟಿನಲ್ಲಿ ಇಪ್ಪತ್ತೆಂಟು ವರ್ಷ ಯಂತ್ರದ ಪಕ್ಕ ಕೆಲಸ ಮಾಡಿ ಎರಡೂ ಕಿವಿ ಹೋಗಿವೆ. ಕಿವಿಯ ಯಂತ್ರ ತಂದುಕೊಟ್ಟರೆ ಲವಂಗದ ಡಬ್ಬಿಯಲ್ಲಿಟ್ಟಿದ್ದಾರೆ. ಅವರಿಗೆ ಈ ಪದ್ಮಾ ಕೇಳಿಸುವುದೇ ಇಲ್ಲ. "ಎಂತ ಹೇಳಿದರು?" ಎಂದು ಕೇಳಿದರೆ, "ಸ್ವರ್ಣಾ ಅಂದರು ಅಮ್ಮ" ಎಂದುಬಿಟ್ಟರೆ ಮುಗಿಯಿತು. ಅರುವತ್ತು ವರ್ಷದ ಕಥೆಗೆ ಒಂದು ಕೊನೆ ಸಿಗುತ್ತದೆ. ಕಡಿಯಾಳಿ ಬರುವಷ್ಟರಲ್ಲಿ ಸುಳ್ಳು ಹೇಳುವುದೆಂದು ನಿಶ್ಚಯಿಸಿಕೊಂಡಿದ್ದಳು. ಒಂದೇ ಅಳುಕು: ಸುಳ್ಳು ಹೇಳುವಾಗ ತಾಯಿ ಅವಳ ಬಾಯಿಯನ್ನೇ ನೋಡುತ್ತಿರುತ್ತಾರೆ. ಕಿವಿ ಹೋದ ಮೇಲೆ ಸ್ವರ್ಣಲತಾ ಜಗತ್ತನ್ನು ಕೇಳುವುದು ತುಟಿಗಳಿಂದ. ಎದುರು ಮನೆಯವರು ಗೇಟಿನಲ್ಲಿ ನಿಂತು ಆಡುವ ಮಾತನ್ನು ಕಿಟಕಿಯಿಂದಲೇ ಓದಿ ಹೇಳುತ್ತಾರೆ. ಹಿಂದಿಯಿಂದ ಡಬ್ ಆದ ಧಾರಾವಾಹಿ ಹಾಕಿದರೆ, "ಇವಳ ಬಾಯಿ ಒಂದು ಹೇಳುತ್ತದೆ, ನೀವು ಇನ್ನೊಂದಕ್ಕೆ ಅಳುತ್ತೀರಿ" ಎಂದು ಎದ್ದು ಹೋಗುತ್ತಾರೆ.

ಭಾನುವಾರ ಬೆಳಿಗ್ಗೆ ಹನ್ನೊಂದಕ್ಕೆ ಕಾರ್ಲ್ಟನ್ ಡೊಮಿನಿಕರನ್ನೂ ಕರೆದುಕೊಂಡು ಬಂದ. ಸ್ವರ್ಣಲತಾ ಮೀನು ಕೊಯ್ಯುವುದನ್ನು ಅರ್ಧಕ್ಕೆ ಬಿಟ್ಟು ಕೈ ತೊಳೆದು ಬಂದು ಕುಳಿತರು. ಅಕ್ಷಿತಾ ಎದುರು ಕುಳಿತು, ಬಸ್ಸು, ತುಂಡು, ಮೇಜಿನ ಅಡಿ, ಎಲ್ಲವನ್ನೂ ನಿಧಾನಕ್ಕೆ ಬಾಯಿ ಬಿಡಿಸಿ ಹೇಳಿದಳು. ಮಾವನ ಹೆಸರನ್ನೂ ಬಿಡಲಿಲ್ಲ. ಸ್ವರ್ಣಲತಾ ಡೊಮಿನಿಕರ ಕಡೆ ತಿರುಗಿದರು.

"ನೀವು ಕತ್ತರಿಸಿದ್ದಾ?"

"ನಾನೇ ಅಮ್ಮ."

"ನಮಗೆ ಬಸ್ಸು ಸಿಗಲಿ ಅಂತ?"

"ಹೌದು."

"ಬಸ್ಸು ಸಿಕ್ಕಿತ್ತು" ಎಂದರು ಸ್ವರ್ಣಲತಾ. "ಹಾಕು ಮಗಾ, ನೋಡುವ."

ಕಾರ್ಲ್ಟನ್ ಟಿ.ವಿ.ಗೆ ಜೋಡಿಸಿ ಹಾಕಿದ. ಅಣ್ಣು ತಿರುಗಿದ, ನೋಡಿದ, ಬಾಯಿ ತೆರೆದ. "ಪದ್ಮಾ!" ಎಂಬ ದನಿ ಕೋಣೆಯಲ್ಲೆಲ್ಲ ಕೇಳಿತು. ಡೊಮಿನಿಕ್ ತಲೆ ತಗ್ಗಿಸಿದರು. ದೋಣಿ ಹೋಯಿತು. ಅಕ್ಷಿತಾ ಸುಳ್ಳನ್ನು ನಾಲಿಗೆಯ ತುದಿಗೆ ತಂದುಕೊಂಡು ಕಾದಳು. ಸ್ವರ್ಣಲತಾ ಏನೂ ಕೇಳಲಿಲ್ಲ. ಸೆರಗಿನಿಂದ ಕನ್ನಡಕ ಒರೆಸಿ, "ಇನ್ನೊಮ್ಮೆ" ಎಂದರು. ಇನ್ನೊಮ್ಮೆ ಮುಗಿದ ಮೇಲೆ ಹೇಳಿದರು:

"ಹೇಳಿದರು. ಸ್ವರ್ಣಾ ಅಂದರು."

ತಾಯಿ ತನಗೆ ಬೇಕಾದದ್ದನ್ನು ಕಂಡುಕೊಂಡರು, ಹಾಗೆಯೇ ಇರಲಿ ಎಂದುಕೊಂಡಳು ಅಕ್ಷಿತಾ. ಆದರೆ ಸ್ವರ್ಣಲತಾ ಮೂವರ ಮುಖವನ್ನೂ ಒಂದು ಸುತ್ತು ನೋಡಿದರು.

"ಎಂತ, ನಿಮಗೆ ಬೇರೆ ಎಂತದೋ ಕೇಳಿದೆ ಅಲ್ವಾ?"

ಆ ಕಣ್ಣುಗಳ ಎದುರು ಸುಳ್ಳು ಏಳಲಿಲ್ಲ. "ಪದ್ಮಾ ಅಂತ ಕೇಳುತ್ತದೆ ಅಮ್ಮ."

"ದನಿ ಹೇಗೆ ಉಂಟು?"

"ನುಣುಪು. ರೇಡಿಯೋದವರ ಹಾಗೆ."

"ಹಾಗಾದರೆ ಅದು ಅಪ್ಪನದ್ದಲ್ಲ. ಅಪ್ಪನ ಗಂಟಲು ದೋಣಿಯನ್ನು ದಡದ ಹೊಯಿಗೆಯ ಮೇಲೆ ಎಳೆದ ಹಾಗೆ ಇತ್ತು. ಮತ್ತೆ ಇವರ ಬಾಯಿ ಪದ್ಮಾ ಅಂತ ಹೇಳುವುದೇ ಇಲ್ಲ. ನೀನು ಹೇಳಿ ನೋಡು. ಎರಡು ಸಲ ತುಟಿ ಮುಚ್ಚಬೇಕು."

ಅಕ್ಷಿತಾ ಹೇಳಿ ನೋಡಿದಳು. ಎರಡು ಸಲ ಮುಚ್ಚಿತು.

ಕಾರ್ಲ್ಟನ್ ಆಗಲೇ ಲ್ಯಾಪ್‌ಟಾಪಿನ ಮೇಲೆ ಬಗ್ಗಿದ್ದ. ಶಬ್ದ ನಿಲ್ಲಿಸಿ, ಅಣ್ಣು ಬಾಯಿ ತೆರೆಯುವಲ್ಲಿಂದ ಒಂದೊಂದೇ ಚೌಕ ಸರಿಸಿದ. ಹಲ್ಲು ಕಂಡಿತು. ಕೆಳತುಟಿ ಮೇಲಿನ ಹಲ್ಲಿಗೆ ತಾಗಿತು. ಬಾಯಿ ತೆರೆಯಿತು, ನಾಲಿಗೆ ಮೇಲಕ್ಕೆ ಮಡಚಿಕೊಂಡಿತು, ಬಾಯಿ ದೊಡ್ಡದಾಗಿ ತೆರೆದೇ ಉಳಿಯಿತು. ಹತ್ತೊಂಬತ್ತು ಚೌಕಗಳಲ್ಲಿ ತುಟಿಗಳು ಒಮ್ಮೆಯೂ ಒಂದಕ್ಕೊಂದು ಮುಚ್ಚಿಕೊಳ್ಳಲಿಲ್ಲ.

"ಕಡಲಿನ ಹತ್ತಿರ ತೆಗೆದದ್ದಲ್ವಾ" ಎಂದರು ಡೊಮಿನಿಕ್. "ಗಾಳಿಗೆ ಎಂತದೂ ಕೇಳುವುದಿಲ್ಲ. ಆಮೇಲೆ ಸ್ಟುಡಿಯೋದಲ್ಲಿ ಇನ್ನೊಬ್ಬನ ದನಿ ಹಾಕಿರುತ್ತಾರೆ. ಹೆಸರೂ ಆಗಲೇ ಇಟ್ಟಿರಬೇಕು. ಸಣ್ಣ ಪಾತ್ರದವರನ್ನು ದನಿಗೆ ಪುನಃ ಯಾರು ಕರೆಯುತ್ತಾರೆ?"

ಅವರ ತುಟಿಗಳನ್ನು ನೋಡುತ್ತಿದ್ದ ಸ್ವರ್ಣಲತಾ ತಲೆಯಾಡಿಸಿದರು. ಎದ್ದು, "ಊಟ ಮಾಡಿಕೊಂಡೇ ಹೋಗಬೇಕು, ಬಂಗುಡೆ ಉಂಟು" ಎಂದು ಡೊಮಿನಿಕರಿಗೆ ಹೇಳಿ ಒಳಗೆ ಹೋದರು. ಅರ್ಧಕ್ಕೆ ಬಿಟ್ಟ ಮೀನಿನ ಎದುರು ಕುಳಿತವರು ಕತ್ತಿ ಹಿಡಿಯಲು ಸ್ವಲ್ಪ ಹೊತ್ತು ತೆಗೆದುಕೊಂಡರು. ಅಕ್ಷಿತಾ ಬಾಗಿಲಿನಿಂದ ನೋಡಿ, ಒಳಗೆ ಹೋಗದೆ, ಅಕ್ಕಿ ಇಡಲು ಹಿತ್ತಿಲ ಒಲೆಯ ಕಡೆ ನಡೆದಳು.

ಅಣ್ಣು ಸಿನೆಮಾದಲ್ಲಿ ಮಗಳ ಹೆಸರು ಹೇಳಿದ್ದ. ಕೊಟ್ಟ ಮಾತು ಉಳಿಸಿಕೊಂಡಿದ್ದ.